ತಪ್ಪು ತಿಳ್ಕೋಬೇಡಿ

‘ತಪ್ಪು ತಿಳ್ಕೋಬೇಡಿ’ ಅಂತ ಯಾರಾದರೂ ಮಾತು ತೆಗೆದರೆ ಹುಷಾರಾಗಬೇಕು. ಅವರು ಒಂದೋ ಸಾಲ ಕೇಳುವವರು, ಇಲ್ಲವೇ ನಿಮ್ಮ ಕನ್ನಡ ತಿದ್ದುವವರು. ಸಾಲ ಕೇಳುವವರನ್ನು ‘ತಿಂಗಳ ಕೊನೆ ನೋಡಿ’ ಎಂದು ಸಾಗಹಾಕಬಹುದು. ಎರಡನೆಯವರಿಗೆ ತಿಂಗಳ ಮೊದಲು, ಕೊನೆ ಎಂಬುದೇ ಇಲ್ಲ.

ಮೈಸೂರಿನ ಯಾವ ಬಡಾವಣೆಗೆ ಹೋದರೂ ಇಂಥವರೊಬ್ಬರು ಸಿಗುತ್ತಾರೆ. ನಮ್ಮ ಬಡಾವಣೆಯವರಿಗೆ ಒತ್ತಕ್ಷರದ ಮೇಷ್ಟ್ರು ಎಂದು ಹೆಸರು, ಅವರ ಬೆನ್ನ ಹಿಂದೆ. ಎದುರಿಗೆ ‘ಸಾರ್’. ಹೈಸ್ಕೂಲಿನಲ್ಲಿ ಕನ್ನಡ ಪಾಠ ಹೇಳಿ ನಿವೃತ್ತರಾದವರು. ಸರ್ಕಾರ ಪಿಂಚಣಿ ಕೊಟ್ಟು ಕಳಿಸಿತು. ಕೈಯಲ್ಲಿದ್ದ ಕೆಂಪು ಪೆನ್ನನ್ನು ಇಸಿದುಕೊಳ್ಳಲು ಮರೆಯಿತು. ಊರಿನ ಕಷ್ಟವೆಲ್ಲ ಶುರುವಾದದ್ದು ಅಲ್ಲಿಂದ.

ಹಾಗೆಂದು ಅವರನ್ನು ಸಿಡುಕರೆಂದು ತಿಳಿಯಬಾರದು. ತಪ್ಪು ಕಂಡರೆ ಕೂಗಾಡುವ ಜಾತಿಯವರು ಬೇರೆ, ಅವರನ್ನು ಎದುರಿಸುವುದು ಸುಲಭ: ನಾವೂ ಕೂಗಾಡಿದರಾಯಿತು. ಇವರು ಕೂಗುವುದಿಲ್ಲ. ಮೊದಲು ನಿಮ್ಮ ಆರೋಗ್ಯ ವಿಚಾರಿಸುತ್ತಾರೆ, ಮಗನ ಕೆಲಸ ವಿಚಾರಿಸುತ್ತಾರೆ, ಬಿಸಿಲಿನ ಬಗ್ಗೆ ಒಂದು ಮಾತಾಡುತ್ತಾರೆ. ನಿಮಗೆ ಗೊತ್ತು, ನೀವೇನೋ ತಪ್ಪಾಗಿ ನುಡಿದಿದ್ದೀರಿ, ಅದು ಇನ್ನೇನು ಬಂತು ಅಂತ. ಇಂಜೆಕ್ಷನ್ನಿಗೆ ಮೊದಲು ನರ್ಸು ಹತ್ತಿಯಲ್ಲಿ ತೋಳು ಒರೆಸುತ್ತಾಳಲ್ಲ, ಆ ಗಳಿಗೆ. ಚುಚ್ಚಿದ್ದಕ್ಕಿಂತ ಒರೆಸಿದ್ದೇ ಹೆಚ್ಚು ಭಯ.

ತಿದ್ದುವುದರಲ್ಲಿ ಅವರದು ಹಲವು ಪಟ್ಟು. ‘ನಾಳೆ ಪ್ರಶಸ್ತಿ ಪ್ರಧಾನ ಸಮಾರಂಭ, ತಾವು ಬರಬೇಕು’ ಎಂದು ನೀವು ಕರೆದಿರಿ ಅನ್ನಿ. ‘ಓಹೋ, ಪ್ರಶಸ್ತಿ ಪ್ರದಾನ! ಪ್ರದಾನ ಎಷ್ಟು ಗಂಟೆಗೆ? ಪ್ರದಾನ ಮಾಡುವವರು ಯಾರು?’ ಎಂದು ಕೇಳುತ್ತಾರೆ. ದ ಬರುವಾಗ ನಾಲಿಗೆಯನ್ನು ಹಲ್ಲಿಗೆ ಒಂದು ಕ್ಷಣ ಹೆಚ್ಚೇ ಒತ್ತಿ ಹಿಡಿಯುತ್ತಾರೆ. ನೀವು ‘ಆರು ಗಂಟೆಗೆ ಪ್ರಧಾನ’ ಎಂದರೆ ಮುಗಿಯಿತು, ‘ಆರು ಗಂಟೆಗೆ ಪ್ರದಾನ, ಸರಿ’ ಎಂದು ಅವರು. ಹೀಗೆ ಪ್ರದಾನ ಪ್ರಧಾನ ಆಡುತ್ತ ಗೇಟಿನ ಹತ್ತಿರ ಹೊತ್ತು ಕಳೆದವರಿದ್ದಾರೆ. ಕೊನೆಗೆ ಸೋತು ದ ಎಂದವರಿಗೆ ಅವರು ಕೊಡುವ ಮುಗುಳ್ನಗೆ ಇದೆಯಲ್ಲ, ಅದನ್ನು ತಡೆದುಕೊಳ್ಳುವುದು ಕಷ್ಟ.

ಇನ್ನೊಂದು ಪಟ್ಟು, ತನಗೇ ಅನುಮಾನ ಬಂದಂತೆ ನಟಿಸುವುದು. ‘ಅಲ್ಲ, ನಾನು ಹಳೇ ಕಾಲದವನು, ಈಗ ಬದಲಾಗಿರಬಹುದು. ನಮ್ಮ ಕಾಲದಲ್ಲಿ ಸಂದರ್ಭಕ್ಕೆ ಎರಡನೆಯ ಅಕ್ಷರ ಅಲ್ಪಪ್ರಾಣ ಇತ್ತು. ಈಗ ಸಂಧರ್ಭ ಅಂತ ಮಾಡಿದ್ದಾರೇನೋ. ಯಾವಾಗ ಮಾಡಿದರು?’ ಯಾವಾಗ ಮಾಡಿದರು ಅಂತ ನೀವು ಏನು ಹೇಳುತ್ತೀರಿ? ವಿಧಾನಸಭೆಯಲ್ಲಿ ಮಸೂದೆ ಆಯಿತು ಎನ್ನುತ್ತೀರಾ?

ಎಲ್ಲಕ್ಕಿಂತ ಸಭ್ಯವಾದ ಪಟ್ಟು ಅವರದಲ್ಲ, ಕನ್ನಡದ ಪತ್ರಿಕಾಲೋಕ ಹಿಂದಿನಿಂದ ಬಳಸುತ್ತ ಬಂದದ್ದು: ಮುದ್ರಾರಾಕ್ಷಸ. ವಿಶಾಖದತ್ತನ ಸಂಸ್ಕೃತ ನಾಟಕಕ್ಕೂ ಅಚ್ಚಿನ ತಪ್ಪಿಗೂ ಯಾವ ಸಂಬಂಧವೂ ಇಲ್ಲ. ಆದರೂ ಯಾರೋ ಪುಣ್ಯಾತ್ಮರು ಆ ಹೆಸರನ್ನು ಎತ್ತಿ ತಂದು ಅಚ್ಚುಮನೆಯಲ್ಲಿ ಕೂರಿಸಿದರು. ಅಂದಿನಿಂದ ಲೇಖಕ ಬಚಾವು, ಸಂಪಾದಕ ಬಚಾವು, ಕರಡು ತಿದ್ದಿದವರು ಬಚಾವು, ತಪ್ಪೆಲ್ಲ ರಾಕ್ಷಸನದು. ಮೇಷ್ಟ್ರು ಸಂಘದ ಸ್ಮರಣ ಸಂಚಿಕೆ ಹಿಡಿದು ಕಾರ್ಯದರ್ಶಿಗಳ ಮನೆಗೆ ಹೋದಾಗಲೆಲ್ಲ, ‘ಪಾಪ, ನಿಮ್ಮ ಲೇಖನದಲ್ಲಿ ಮುದ್ರಾರಾಕ್ಷಸ ಬಹಳ ಕಾಟ ಕೊಟ್ಟಿದ್ದಾನೆ’ ಎನ್ನುತ್ತಾರೆ. ಕೈಬರಹದ ಪ್ರತಿಯಲ್ಲೂ ಅದೇ ರಾಕ್ಷಸ ಇದ್ದದ್ದು ಇಬ್ಬರಿಗೂ ಗೊತ್ತು. ಇಬ್ಬರೂ ರಾಕ್ಷಸನನ್ನು ಬೈದು ಕಾಫಿ ಕುಡಿಯುತ್ತಾರೆ. ಇದಕ್ಕಿಂತ ಒಳ್ಳೆಯ ಏರ್ಪಾಡು ಪ್ರಪಂಚದಲ್ಲಿ ಇರಲಾರದು ಎಂದು ನನ್ನ ಅಭಿಪ್ರಾಯ.

ನವೆಂಬರ್ ಬಂತೆಂದರೆ ಮೇಷ್ಟ್ರ ಬಿಪಿ ಏರುತ್ತದೆ. ಸರ್ಕಲ್ಲಿನ ಫ್ಲೆಕ್ಸುಗಳಲ್ಲಿ ‘ರಾಜ್ಯೋತ್ಸವದ ಹಾರ್ಧಿಕ ಶುಭಾಷಯಗಳು’ ಏಳುತ್ತವೆ. ಹಾರ್ದಿಕಕ್ಕೆ ಬೇಡದ ಹೊಟ್ಟೆ ಸೀಳಿದ್ದಾರೆ. ಶುಭ, ಆಶಯ ಎರಡೂ ಸೇರಿ ಶುಭಾಶಯ ಆಗಬೇಕಾದ ಕಡೆ ಷ ಬಂದು ಕೂತಿದೆ. ಒಂದು ವರ್ಷ ಮೇಷ್ಟ್ರು ತಡೆಯಲಾರದೆ ಫ್ಲೆಕ್ಸಿನ ಮೂಲೆಯಲ್ಲಿದ್ದ ನಂಬರಿಗೆ ಫೋನು ಮಾಡಿದರು. ‘ತಮ್ಮ ಭಾಷಾಭಿಮಾನ ಬಹಳ ದೊಡ್ಡದು. ಇಂಥ ಯುವಕರು ಇರುವುದರಿಂದಲೇ ಕನ್ನಡ ಉಳಿದಿದೆ’ ಎಂದು ಪೀಠಿಕೆ ಹಾಕಿದರು. ಪೀಠಿಕೆ ಉದ್ದವಾಯಿತು. ಅವರು ‘ತಪ್ಪು ತಿಳ್ಕೋಬೇಡಿ’ಗೆ ಬರುವಷ್ಟರಲ್ಲಿ ಆ ಕಡೆಯ ಯುವಮುಖಂಡ, ‘ತುಂಬಾ ಥ್ಯಾಂಕ್ಸ್ ಸಾರ್. ನಿಮ್ಮಂಥ ಹಿರಿಯರ ಸಪೋರ್ಟ್ ಬೇಕು’ ಎಂದು ಫೋನಿಟ್ಟ. ಮರುವರ್ಷ ಅದೇ ಸರ್ಕಲ್ಲಿನಲ್ಲಿ ಫ್ಲೆಕ್ಸು ಎದ್ದಿತು. ಶುಭ ಕೋರುವವರ ಸಾಲಿನಲ್ಲಿ, ಸರಿಯಾಗಿ ಆ ಷದ ಕೆಳಗೆ, ಕೋಟು ಟೈ ಹಾಕಿದ ಮೇಷ್ಟ್ರ ಫೋಟೋ! ಅವರ ಬೀಳ್ಕೊಡುಗೆ ದಿನದ್ದು. ಯಾರು ಕೊಟ್ಟರೋ ಗೊತ್ತಿಲ್ಲ. ಫ್ಲೆಕ್ಸು ಬಿಚ್ಚುವವರೆಗೆ ಅವರು ತರಕಾರಿಗೂ ಹಿಂದಿನ ಬೀದಿಯಿಂದಲೇ ಹೋಗಿ ಬಂದರು.

ಮದುವೆ ಕಾಗದದ ಪ್ರಕರಣವಂತೂ ಬಡಾವಣೆಯಲ್ಲಿ ಪ್ರಸಿದ್ಧ. ನಮ್ಮಲ್ಲಿ ಆಶೀರ್ವಾದವನ್ನು ಆರ್ಶೀವಾದ ಮಾಡದೆ ಲಗ್ನಪತ್ರಿಕೆ ಅಚ್ಚಾಗುವುದು ಅಪರೂಪ. ಇದರಲ್ಲಿ ಬರೆಯುವವರ ತಪ್ಪು ಅರ್ಧವೇ. ಅರ್ಕಾವೊತ್ತಿನ ಸ್ವಭಾವವೇ ಹಾಗೆ: ಬಾಯಲ್ಲಿ ಅಕ್ಷರಕ್ಕೆ ಮೊದಲು ಬರುತ್ತದೆ, ಬರಹದಲ್ಲಿ ಅಕ್ಷರದ ನಂತರ ನಿಲ್ಲುತ್ತದೆ. ಬಾಯಿ ಹೇಳಿದ ಜಾಗದಲ್ಲೇ ಕೈ ಅದನ್ನು ಇಟ್ಟುಬಿಟ್ಟರೆ ಶೀ ಪಕ್ಕ ಹೋಗಿ ಕೂರುತ್ತದೆ, ಆರ್ಶೀವಾದ ತಯಾರು. ನೆರೆಮನೆಯವರು ಮಗಳ ಮದುವೆಯ ಕರಡು ತಂದು ಮೇಷ್ಟ್ರಿಗೆ ತೋರಿಸಿದರು. ತಾವಾಗಿಯೇ ತಂದದ್ದು! ಮೇಷ್ಟ್ರ ಜೀವನದಲ್ಲಿ ಅಂಥ ದಿನ ಹೆಚ್ಚು ಬಂದಿರಲಿಲ್ಲ. ಕನ್ನಡಕ ಒರೆಸಿಕೊಂಡು ಕೂತರು. ‘ತಮ್ಮ ಆರ್ಶೀವಾದವೇ ಉಡುಗೊರೆ’ ಎಂಬ ಸಾಲು ಕಂಡಿತು.

ಕರಡು ತಿದ್ದುವ ಕಸುಬಿನವರಾಗಿದ್ದರೆ ಒಂದು ಗೀಟು ಎಳೆದು, ಅಂಚಿನಲ್ಲಿ ಸರಿಯಾದ ಪದ ಬರೆದು ಬಿಡುತ್ತಿದ್ದರು. ಮೇಷ್ಟ್ರಿಗೆ ಅದು ಒರಟು ಎನಿಸಿತು. ಡಿಟಿಪಿ ಹುಡುಗ ಚಿಕ್ಕವನು, ನೊಂದುಕೊಂಡಾನು. ಪದವನ್ನು ಸರಿಪಡಿಸಿ, ಸಾಲಿನ ಕೊನೆಗೆ ದುಂಡಗೆ ಬರೆದರು: ‘ದಯವಿಟ್ಟು ಅರ್ಕಾವೊತ್ತನ್ನು ಒಂದಕ್ಷರ ಮುಂದಕ್ಕೆ ಸರಿಸಿ, ತೊಂದರೆಗೆ ಕ್ಷಮೆಯಿರಲಿ.’ ಹುಡುಗ ಆಜ್ಞಾಧಾರಕ. ಹಾಳೆಯಲ್ಲಿ ಏನಿತ್ತೋ ಅದನ್ನು ಹೊಡೆದ. ಕಾಗದ ಊರೆಲ್ಲ ಹಂಚಿಕೆಯಾಯಿತು: ‘ತಮ್ಮ ಆಶೀರ್ವಾದವೇ ಉಡುಗೊರೆ. ದಯವಿಟ್ಟು ಅರ್ಕಾವೊತ್ತನ್ನು ಒಂದಕ್ಷರ ಮುಂದಕ್ಕೆ ಸರಿಸಿ, ತೊಂದರೆಗೆ ಕ್ಷಮೆಯಿರಲಿ.’ ಗಂಡಿನ ಕಡೆಯವರು ಅರ್ಕಾವೊತ್ತು ಎಂದರೆ ಹೆಣ್ಣಿನ ಮನೆಯವರ ಯಾವುದೋ ಶಾಸ್ತ್ರ ಇರಬೇಕೆಂದು ಪುರೋಹಿತರನ್ನು ಕೇಳಿದರಂತೆ. ಪುರೋಹಿತರು ಗೊತ್ತಿಲ್ಲ ಎನ್ನುವುದುಂಟೆ? ಧಾರೆಗೆ ಮುಂಚೆ ಮಾಡಿಸೋಣ ಎಂದರಂತೆ. ಸೌಜನ್ಯ ಒಂದು ತೂಕ ಕಮ್ಮಿಯಿದ್ದಿದ್ದರೆ ಆ ಕಾಗದ ಉಳಿಯುತ್ತಿತ್ತು.

ಬರಹದ ಮಾತು ಹೀಗಾಯಿತು. ಆಡುಮಾತನ್ನು ತಿದ್ದಲು ಹೋಗಿ ಮೇಷ್ಟ್ರು ಸರಿಯಾಗಿ ಸಿಕ್ಕಿಬಿದ್ದದ್ದು ಮನೆಯೊಳಗೇ. ಸೊಸೆ ಧಾರವಾಡದ ಕಡೆಯವಳು. ಅಡುಗೆಮನೆಯಿಂದ ‘ಬರ್ಲಿಕ್ಕತ್ತೀನ್ರೀ ಮಾವಾರ’ ಎಂದಳು. ಮೇಷ್ಟ್ರು ಪತ್ರಿಕೆ ಮಡಚಿ, ಬಹಳ ಮೆತ್ತಗೆ, ‘ಬರ್ತಾ ಇದ್ದೀನಿ ಅಂದರೆ ಎಲ್ಲರಿಗೂ ತಿಳಿಯುತ್ತಮ್ಮ’ ಎಂದರು. ಸೊಸೆ ಬಂದು ಕಾಫಿಯಿಟ್ಟು, ‘ನಾ ಬಂದದ್ದು ನಿಮಗ ತಿಳೀತಿಲ್ರೀ?’ ಎಂದಳು. ಆಮೇಲೆ ಬಾಗಿಲಿಗೆ ಬಂದ ಹಾಲಿನ ಹುಡುಗ ‘ಅಮ್ಮಾ, ಆಲು’ ಎಂದ. ಸೊಸೆ ಮಾವನ ಮುಖ ನೋಡಿದಳು. ಮೇಷ್ಟ್ರು ಪತ್ರಿಕೆ ಬಿಡಿಸಿ ಮುಖಕ್ಕೆ ಅಡ್ಡ ಹಿಡಿದರು. ಹಾಸನವನ್ನು ಆಸನ ಮಾಡಿ, ಆದರಕ್ಕೆ ಹಕಾರ ಸೇರಿಸುವ ಹಳೆ ಮೈಸೂರಿನ ಸೀಮೆಯವರು ಧಾರವಾಡದವರಿಗೆ ಪಾಠ ಹೇಳಲು ಹೋಗಬಾರದು. ಇದು ನನ್ನ ಮಾತು, ಮೇಷ್ಟ್ರದಲ್ಲ.

ಅವರ ಕಪಾಟಿನಲ್ಲೇ ಇರುವ ಒಂಬತ್ತನೆಯ ಶತಮಾನದ ಕವಿರಾಜಮಾರ್ಗ ಈ ವಿಷಯವನ್ನು ಅಂದೇ ಹೇಳಿ ಮುಗಿಸಿದೆ. ಕನ್ನಡಗಳೊಳಗಿನ ದೋಷ ಇಷ್ಟೇ ಎಂದು ಲೆಕ್ಕ ಹಾಕಲು ಹೊರಟರೆ ವಾಸುಕಿಗೂ ಬೇಸರ ಬಂದೀತು, ಸೀಮೆಗೊಂದು ದೇಸಿ ಇದೆ ಅಂತ. ಹಾವುಗಳ ಅರಸನಿಗೇ ಆಗದ್ದು ಪಿಂಚಣಿದಾರರಿಗೆ ಆದೀತೆ? ಕಣ್ಣು ತನಗೆ ಹಚ್ಚಿದ ಕಾಡಿಗೆಯನ್ನು ತಾನು ಕಾಣಲಾರದು, ಹಾಗೇ ತನ್ನ ದೋಷ ತನಗೆ ಕಾಣದು ಎಂಬ ಮಾತೂ ಅದೇ ಗ್ರಂಥದಲ್ಲಿದೆ. ಮೇಷ್ಟ್ರು ಅದರ ಕೆಳಗೆ ಎರಡು ಗೆರೆ ಎಳೆದಿದ್ದಾರೆ. ಯಾರನ್ನು ನೆನೆಸಿಕೊಂಡು ಎಳೆದರೋ.

ಮಹಾಪ್ರಾಣ ಅವರ ಪ್ರಾಣ. ಖ ಘ ಛ ಝ ಠ ಢ ಥ ಧ ಫ ಭ ಎಂಬ ಹತ್ತು ಅಕ್ಷರಗಳ ಕಾವಲಿಗೆ ತಾವು ನೇಮಕವಾಗಿದ್ದೇವೆ ಎಂದು ನಂಬಿದ್ದಾರೆ. ಭಾಷಾವಿಜ್ಞಾನಿ ಡಿ. ಎನ್. ಶಂಕರ ಭಟ್ಟರು, ಸಾಮಾನ್ಯ ಜನರ ಬಾಯಲ್ಲಿ ಇಲ್ಲದ ಈ ಅಕ್ಷರಗಳು ಬರಹದಲ್ಲಿ ಮಾತ್ರ ಯಾಕೆ ಎಂದು ವಾದಿಸಿದವರು. ವಾದಿಸಿ ಸುಮ್ಮನಾಗದೆ ತಮ್ಮ ಹೆಸರನ್ನೇ ಶಂಕರ ಬಟ್ ಎಂದು ಅಚ್ಚು ಹಾಕಿಸಿದರು. ಅಂಥ ಪುಸ್ತಕವೊಂದು ಗ್ರಂಥಾಲಯದಲ್ಲಿ ಮೇಷ್ಟ್ರ ಕೈಗೆ ಸಿಕ್ಕಿತು. ದೊಡ್ಡ ವಿದ್ವಾಂಸರು, ತಿದ್ದುವಂತಿಲ್ಲ. ಸರ್ಕಾರಿ ಪುಸ್ತಕ, ಗೀಚುವಂತಿಲ್ಲ. ಒಂದು ವಾರ ಇಟ್ಟುಕೊಂಡು ವಾಪಸ್ ಕೊಟ್ಟರು. ರಕ್ಷಾಪುಟದ ಬಕಾರದ ಕೆಳಗೆ ಈಗ ಒಂದು ಗೀಟಿದೆ, ಪೆನ್ಸಿಲ್ಲಿನದು, ಬೆಳಕಿಗೆ ಹಿಡಿದರೆ ಮಾತ್ರ ಕಾಣುವಂಥದ್ದು.

ಮನೆಯಾಕೆ ಮಾತ್ರ ಅವರನ್ನು ಹಿಡಿತದಲ್ಲಿ ಇಟ್ಟಿದ್ದಾರೆ. ಪರಿಚಯದವರೊಬ್ಬರ ವೈಕುಂಠ ಸಮಾರಾಧನೆಗೆ ಹೋಗಿದ್ದರು. ಬಾಗಿಲಲ್ಲೇ ದೊಡ್ಡ ಫೋಟೋ, ಕೆಳಗೆ ‘ಭಾವಪೂರ್ಣ ಶ್ರದ್ದಾಂಜಲಿ’. ಸೀಳಬೇಕಾದ ಹೊಟ್ಟೆಯನ್ನು ಇಲ್ಲಿ ಸೀಳಿಲ್ಲ. ಮೇಷ್ಟ್ರ ಕೈ ಜೇಬಿಗೆ ಹೋಯಿತು. ಆಕೆ ಮೊಣಕೈ ಹಿಡಿದು ಕಿವಿಯಲ್ಲಿ, ‘ರೀ, ಇದ್ದ ಪ್ರಾಣವೇ ಹೋಗಿದೆ, ನಿಮಗೆ ಮಹಾಪ್ರಾಣದ ಚಿಂತೆ’ ಎಂದರು. ಮೇಷ್ಟ್ರು ಕೈ ಮುಗಿದು ಒಳಗೆ ಹೋಗಿ ಊಟಕ್ಕೆ ಕೂತರು. ಪಾಯಸ ಬಡಿಸುವವರೆಗೂ ಬಾಗಿಲ ಕಡೆ ನೋಡುತ್ತಲೇ ಇದ್ದರಂತೆ.

ಹಲಸಿನ ಕಾಲದಲ್ಲಿ ಗಾಡಿಯವನೊಬ್ಬ ಸ್ಲೇಟಿನಲ್ಲಿ ‘ಹಳಸಿನ ತೊಳೆ’ ಎಂದು ಬರೆದು ನಿಂತಿದ್ದ. ಮೇಷ್ಟ್ರು ಮೊದಲು ಹತ್ತು ತೊಳೆ ಕೊಂಡರು, ದಾಕ್ಷಿಣ್ಯಕ್ಕೆ. ಆಮೇಲೆ ‘ತಪ್ಪು ತಿಳ್ಕೋಬೇಡಪ್ಪ, ಹೀಗೆ ಬರೆದರೆ ಹಣ್ಣು ಹಳಸಿದೆ ಅಂತ ಓದಿದವರು ತಿಳಿದಾರು’ ಎಂದರು. ಅವನು ಕೈಗೆ ಎಣ್ಣೆ ಸವರಿಕೊಳ್ಳುತ್ತ, ‘ಓದ್ಕಂಡು ಯಾರ್ ತಗತಾರೆ ಸಾಮಿ, ವಾಸ್ನೆಗೇ ನಿಲ್ತಾರೆ. ನೀವೊಬ್ರೇ ಓದಿದ್ದು’ ಎಂದ.

ಇಷ್ಟಾದರೂ ಮೇಷ್ಟ್ರ ಪರವಾಗಿ ಒಂದು ಮಾತು ಹೇಳಲೇಬೇಕು. ಅವರು ಕೆಟ್ಟವರಲ್ಲ, ಅವರ ವ್ಯಾಕರಣವೂ ತಪ್ಪಲ್ಲ, ತಪ್ಪಿರುವುದು ಹೊತ್ತು. 1991ರಿಂದ ಪ್ರಜಾವಾಣಿಯಲ್ಲಿ ‘ಇಗೋ ಕನ್ನಡ’ ಬರೆದ ಜಿ. ವೆಂಕಟಸುಬ್ಬಯ್ಯನವರೂ ಪದಗಳ ಸರಿ ತಪ್ಪುಗಳನ್ನೇ ಹೇಳಿದರು. ಜನ ಕಾದು ಓದಿದರು, 2021ರಲ್ಲಿ 107ರ ವಯಸ್ಸಿನಲ್ಲಿ ತೀರಿಕೊಂಡಾಗ ಮನೆಯ ಹಿರಿಯರು ಹೋದಂತೆ ಮರುಗಿದರು. ಅವರು ಕೇಳಿದವರಿಗೆ ಹೇಳುತ್ತಿದ್ದರು; ನಮ್ಮ ಮೇಷ್ಟ್ರನ್ನು ಯಾರೂ ಕೇಳುವುದಿಲ್ಲ. ವ್ಯತ್ಯಾಸ ಅಷ್ಟೇ. ಫ್ಲೆಕ್ಸು ಕಟ್ಟಿದ ಮೇಲೆ, ಕಾಗದ ಹಂಚಿದ ಮೇಲೆ, ಮಾತು ಬಾಯಿಂದ ಬಿದ್ದ ಮೇಲೆ ಎಷ್ಟು ಸಕ್ಕರೆ ಬೆರೆಸಿ ಹೇಳಿದರೂ ಅದು ತಿದ್ದುಪಡಿಯಲ್ಲ, ಚುಚ್ಚುಮಾತು.

ಆದ್ದರಿಂದ ನಿಮ್ಮ ಮನೆಯಲ್ಲಿ ಮದುವೆಯೋ ಗೃಹಪ್ರವೇಶವೋ ಇದ್ದರೆ, ಕಾಗದ ಅಚ್ಚಿಗೆ ಹೋಗುವ ಹಿಂದಿನ ದಿನ ನಿಮ್ಮ ಬಡಾವಣೆಯ ಮೇಷ್ಟ್ರಿಗೆ ಕರಡು ತೋರಿಸಿ. ಖರ್ಚು ಒಂದು ಲೋಟ ಕಾಫಿ. ಅದನ್ನೂ ಅವರ ಮನೆಯವರೇ ಕೊಡುತ್ತಾರೆ. ಒಂದೇ ಎಚ್ಚರಿಕೆ: ಪಕ್ಕದಲ್ಲೇ ಕೂತಿರಿ, ಗೀಟು ಎಳೆಯಲು ಬಿಡಿ, ‘ದಯವಿಟ್ಟು’ ಎಂದು ಬರೆಯಲು ಹೊರಟರೆ ಪೆನ್ಸಿಲ್ ಕಿತ್ತುಕೊಳ್ಳಿ.