ಡ್ರೈವರ್ ಲಕ್ಷಣ ನಿರ್ಣಯ: ಪೆಟ್ಟಿಗೆ ಕಟ್ಟದವರ ಶಾಸ್ತ್ರಕ್ಕೊಂದು ಪ್ರವೇಶಿಕೆ

ಮರದ ಪೆಟ್ಟಿಗೆಯೊಂದನ್ನು ಕಟ್ಟಿ, ಅದರೊಳಗೆ ಸ್ಪೀಕರ್ ಕೂರಿಸಿ ಹಾಡು ಕೇಳುವುದು ಲೌಕಿಕರ ಮಾರ್ಗ. ಆ ಪೆಟ್ಟಿಗೆ ಎಷ್ಟು ದೊಡ್ಡದಿರಬೇಕೆಂದು ನಿರ್ಣಯಿಸುವ ಸಲುವಾಗಿ ಸ್ಪೀಕರಿನ ಗುಣಗಳನ್ನು ಅಳೆದು, ಅಳೆದದ್ದನ್ನೇ ಮತ್ತೆ ಅಳೆದು, ಎರಡು ಅಳತೆಗಳು ಏಕೆ ಹೊಂದುವುದಿಲ್ಲವೆಂದು ವಿಚಾರಿಸುತ್ತ ಪೆಟ್ಟಿಗೆಯ ಮಾತನ್ನೇ ಮರೆಯುವುದು ಶಾಸ್ತ್ರಜ್ಞರ ಮಾರ್ಗ. ಪ್ರಸ್ತುತ ಪ್ರಬಂಧವು ಎರಡನೆಯ ಮಾರ್ಗವನ್ನು ಕುರಿತದ್ದು. ಇಲ್ಲಿ ಡ್ರೈವರ್ ಎಂದರೆ ಪೆಟ್ಟಿಗೆಯಿಲ್ಲದ ಬರಿಯ ಸ್ಪೀಕರು, ಅಂದರೆ ಒಂದು ಅಯಸ್ಕಾಂತ, ಅದರ ಸಂದಿಯಲ್ಲಿ ತೂಗುವ ವಾಯ್ಸ್ ಕಾಯಿಲ್ ಎಂಬ ತಂತಿಸುರುಳಿ, ಸುರುಳಿಗೆ ಅಂಟಿದ ಕೋನ್, ಆ ಕೋನನ್ನು ಅಂಚಿನಲ್ಲಿ ಹಿಡಿದಿರುವ ಸರೌಂಡ್ ಮತ್ತು ಬುಡದಲ್ಲಿ ಹಿಡಿದಿರುವ ಸ್ಪೈಡರ್, ಇಷ್ಟರ ಸಮುದಾಯ. ಈ ವಿನ್ಯಾಸವನ್ನು ಅಮೆರಿಕದ ಜನರಲ್ ಎಲೆಕ್ಟ್ರಿಕ್ ಸಂಸ್ಥೆಯ ರೈಸ್ ಮತ್ತು ಕೆಲಾಗ್ ಎಂಬಿಬ್ಬರು 1925ರಲ್ಲಿ ಲೋಕದ ಮುಂದಿಟ್ಟರು. ಅಂದಿನಿಂದ ಇಂದಿನವರೆಗೆ ಅದರ ಮೂಲಸ್ವರೂಪ ಹೆಚ್ಚು ಬದಲಾಗಿಲ್ಲವಾದರೂ ಅದನ್ನು ಕುರಿತ ವಾಗ್ವಾದ ಮಾತ್ರ ದಿನೇ ದಿನೇ ಬೆಳೆದಿದೆ.

ಡ್ರೈವರಿನ ಗುಣವನ್ನು ತಿಳಿಯುವುದಕ್ಕೆ ಪೂರ್ವಾಚಾರ್ಯರು ಮೂರು ಪ್ರಮಾಣಗಳನ್ನು ಒಪ್ಪುತ್ತಾರೆ. ಮೊದಲನೆಯದು ಪ್ರತ್ಯಕ್ಷ, ಅಂದರೆ ಕಿವಿಗೊಟ್ಟು ಕೇಳುವುದು. ಇದು ಸುಲಭವೂ ಅಗ್ಗವೂ ಆಗಿರುವುದರಿಂದಲೇ ವಿದ್ವತ್‌ವಲಯದಲ್ಲಿ ಇದಕ್ಕೆ ಮರ್ಯಾದೆ ಕಡಿಮೆ. ಎರಡನೆಯದು ಆಪ್ತವಾಕ್ಯ, ಅಂದರೆ ತಯಾರಕರು ಅಚ್ಚು ಹಾಕಿಸಿದ ಗುಣಪಟ್ಟಿಯನ್ನು ನಂಬುವುದು. ಬೆಂಗಳೂರಿನ ಎಸ್.ಪಿ. ರಸ್ತೆಯಂಥ ಪೇಟೆಗಳಲ್ಲಿ ದೊರೆಯುವ ಹೆಸರಿಲ್ಲದ ಡ್ರೈವರುಗಳ ವಿಷಯದಲ್ಲಿ ಗುಣಪಟ್ಟಿಯನ್ನು ಬರೆದವರು ಯಾರೆಂದು ಯಾರಿಗೂ ತಿಳಿಯದೆ ಇರುವುದರಿಂದ ಅಂಥ ಪಟ್ಟಿಯನ್ನು ಅಪೌರುಷೇಯವೆಂದು ಭಾವಿಸಿ ಪ್ರಶ್ನಿಸದೆ ಸ್ವೀಕರಿಸಬೇಕೆಂಬ ಒಂದು ಪಂಥವಿದೆ. ಮೂರನೆಯದು ಅನುಮಾನ. ಬೆಟ್ಟದ ಮೇಲಿನ ಹೊಗೆಯನ್ನು ಕಂಡು ಬೆಂಕಿಯನ್ನು ಊಹಿಸಿದ ನೈಯಾಯಿಕನಂತೆ, ಕಂಪ್ಯೂಟರಿನ ಪರದೆಯ ಮೇಲಿನ ಗೆರೆಯೊಂದರ ಉಬ್ಬನ್ನು ಕಂಡು ಕೋನಿನ ತೂಕವನ್ನೂ ಸ್ಪೈಡರಿನ ಮೃದುತ್ವವನ್ನೂ ಊಹಿಸುವುದು ಇದರ ಕ್ರಮ. ಇಡೀ ಪ್ರಕ್ರಿಯೆಯಲ್ಲಿ ಡ್ರೈವರಿನ ಧ್ವನಿಯನ್ನು ಯಾರೂ ಕೇಳಬೇಕಾಗಿಲ್ಲವೆಂಬುದು ಈ ಪ್ರಮಾಣದ ಹಿರಿಮೆ. ಹುಟ್ಟುಕಿವುಡನೂ ಇದರಲ್ಲಿ ಪಾರಂಗತನಾಗಬಹುದು, ಪಕ್ಕದ ಮನೆಯವರೂ ಆಕ್ಷೇಪಿಸಲಾರರು.

ಈ ಶಾಸ್ತ್ರದ ಸೂತ್ರಕಾರರು ಆಸ್ಟ್ರೇಲಿಯದ ನೆವಿಲ್ ಥೀಲ್; ಭಾಷ್ಯಕಾರರು ಸಿಡ್ನಿ ವಿಶ್ವವಿದ್ಯಾಲಯದಲ್ಲಿ ಸಂಶೋಧನೆ ಮಾಡಿದ ಅಮೆರಿಕನ್ ರಿಚರ್ಡ್ ಸ್ಮಾಲ್. ರಂಧ್ರವುಳ್ಳ ಪೆಟ್ಟಿಗೆಯಲ್ಲಿ ಕೂರಿಸಿದ ಸ್ಪೀಕರು ಕೆಳದನಿಯ ತುದಿಯಲ್ಲಿ ವಿದ್ಯುತ್ ಫಿಲ್ಟರಿನಂತೆಯೇ ವರ್ತಿಸುತ್ತದೆಂದೂ, ಆದ್ದರಿಂದ ಫಿಲ್ಟರಿನ ಗಣಿತವನ್ನೇ ಅದಕ್ಕೂ ಹಚ್ಚಬಹುದೆಂದೂ ಥೀಲ್ 1961ರಲ್ಲಿ ಪ್ರತಿಪಾದಿಸಿ, ಡ್ರೈವರಿಗೂ ಪೆಟ್ಟಿಗೆಗೂ ಹೊಂದುವ 28 ಅಲೈನ್‌ಮೆಂಟುಗಳ, ಅಂದರೆ ಸಂಯೋಜನೆಗಳ, ಪಟ್ಟಿಯನ್ನು ಕೊಟ್ಟರು. ಆಸ್ಟ್ರೇಲಿಯದ ಪತ್ರಿಕೆಯಲ್ಲಿ ಬಂದ ಆ ಲೇಖನವನ್ನು ಉಳಿದ ಜಗತ್ತು ಒಂದು ದಶಕ ಕಾಲ ಗಮನಿಸಲಿಲ್ಲ. 1971ರಲ್ಲಿ ಆಡಿಯೊ ಎಂಜಿನಿಯರಿಂಗ್ ಸೊಸೈಟಿಯ ನಿಯತಕಾಲಿಕೆ ಅದನ್ನು ಮರುಮುದ್ರಿಸಿದ ಮೇಲೆ, ಮತ್ತು ಮುಂದಿನೆರಡು ವರ್ಷಗಳಲ್ಲಿ ಸ್ಮಾಲ್ ಅವರ ಲೇಖನಮಾಲೆ ಅದೇ ಪತ್ರಿಕೆಯಲ್ಲಿ ಬಂದ ಮೇಲೆ, ಥೀಲ್-ಸ್ಮಾಲ್ ಪ್ಯಾರಾಮೀಟರುಗಳೆಂಬ ಹೆಸರು ನೆಲೆಗೊಂಡಿತು. ಸೂತ್ರಗಳು ಹತ್ತು ವರ್ಷ ಅಜ್ಞಾತವಾಸದಲ್ಲಿದ್ದಾಗಲೂ ಜನ ಹಾಡು ಕೇಳುತ್ತಲೇ ಇದ್ದರೆಂಬುದು ಐತಿಹಾಸಿಕ ಸತ್ಯವಾದರೂ, ಲಕ್ಷಣವರಿಯದೆ ಕೇಳಿದ್ದನ್ನು ಕೇಳಿದ್ದೆಂದು ಎಣಿಸಬಹುದೇ ಎಂಬ ಸಂದೇಹ ಈ ಶಾಸ್ತ್ರದಲ್ಲಿ ಇನ್ನೂ ಪರಿಹಾರವಾಗಿಲ್ಲ.

ಇನ್ನು ಯಂತ್ರದ ವಿಚಾರ. ಹಿಂದೆ ಸಿಗ್ನಲ್ ಜನರೇಟರು, ವೋಲ್ಟ್‌ಮೀಟರು, ಒಂದು ಸಾವಿರ ಓಮಿನ ರೆಸಿಸ್ಟರು ಮತ್ತು ಗ್ರಾಫ್ ಹಾಳೆ ಹಿಡಿದು ಒಂದು ಸಂಜೆಯಿಡೀ ಮಾಡುತ್ತಿದ್ದ ಕೆಲಸವನ್ನು ಇಂದು ಕಂಪ್ಯೂಟರಿನ ಯುಎಸ್‌ಬಿ ಕಿಂಡಿಗೆ ಸಿಕ್ಕಿಸುವ ಅಂಗೈಯಗಲದ ಡಬ್ಬಿಯೊಂದು ಕೆಲವೇ ಸೆಕೆಂಡುಗಳಲ್ಲಿ ಮುಗಿಸುತ್ತದೆ. ಉಳಿದ ಸಂಜೆಯನ್ನು ಅದೇ ಕೆಲಸವನ್ನು ಮರಳಿ ಮರಳಿ ಮಾಡುವುದಕ್ಕೆ ವಿನಿಯೋಗಿಸಬಹುದು. ಡೇಟನ್ ಆಡಿಯೊದ ಡಿ.ಎ.ಟಿ.ಎಸ್. ಈ ವರ್ಗದ ಪ್ರಸಿದ್ಧ ಯಂತ್ರ. ಸಾಧಾರಣ ಸೌಂಡ್ ಕಾರ್ಡಿನಿಂದಲೇ ಅಳೆಯುವ ಲಿಂಪ್ ಮುಂತಾದ ತಂತ್ರಾಂಶಗಳೂ ಉಂಟು. ಎಲ್ಲದರ ತತ್ತ್ವ ಒಂದೇ: ಮೌಲ್ಯ ತಿಳಿದಿರುವ ರೆಸಿಸ್ಟರೊಂದರ ಮೂಲಕ ಡ್ರೈವರಿಗೆ ಬೇರೆ ಬೇರೆ ಆವೃತ್ತಿಯ ಸಣ್ಣ ವಿದ್ಯುತ್ತನ್ನು ಕಳಿಸಿ, ರೆಸಿಸ್ಟರಿನ ಎರಡೂ ತುದಿಗಳ ವೋಲ್ಟೇಜನ್ನು ಹೋಲಿಸಿ, ಡ್ರೈವರಿನ ಇಂಪೀಡೆನ್ಸನ್ನು, ಅಂದರೆ ಪರ್ಯಾಯ ವಿದ್ಯುತ್ತಿಗೆ ಅದು ಒಡ್ಡುವ ಒಟ್ಟು ತಡೆಯನ್ನು, ಲೆಕ್ಕ ಹಾಕುವುದು. ಕೆಂಪು ಮತ್ತು ಕಪ್ಪು ಬಣ್ಣದ ಎರಡು ಮೊಸಳೆ ಕ್ಲಿಪ್ಪುಗಳಲ್ಲಿ ಯಾವುದನ್ನು ಯಾವ ಕಡೆ ಕಚ್ಚಿಸಿದರೂ ಇಂಪೀಡೆನ್ಸಿನ ಅಳತೆಯಲ್ಲಿ ವ್ಯತ್ಯಾಸವಿಲ್ಲ. ಆದರೂ ಬಣ್ಣ ನೋಡಿ ಕಚ್ಚಿಸುವುದು ಶಿಷ್ಟಾಚಾರ.

ಗೆರೆಯಲ್ಲಿ ಉಬ್ಬು ಏಳುವ ಕಾರಣವನ್ನು ಸ್ವಲ್ಪ ವಿಸ್ತಾರವಾಗಿ ಹೇಳಬೇಕು, ಏಕೆಂದರೆ ಉಳಿದ ಕಟ್ಟಡವೆಲ್ಲ ಆ ಉಬ್ಬಿನ ಮೇಲೆಯೇ ನಿಂತಿದೆ. ಕೋನಿನ ತೂಕ ಮತ್ತು ಸ್ಪೈಡರಿನ ಸ್ಪ್ರಿಂಗುಗುಣ ಸೇರಿ ಡ್ರೈವರಿಗೆ ಒಂದು ಸ್ವಾಭಾವಿಕ ಕಂಪನ ಆವೃತ್ತಿ ಇರುತ್ತದೆ. ಇದೇ ಅನುರಣನ ಆವೃತ್ತಿ, ಶಾಸ್ತ್ರದ ಪರಿಭಾಷೆಯಲ್ಲಿ ಎಫ್‌ಎಸ್. ಆ ಆವೃತ್ತಿಯಲ್ಲಿ ಅತ್ಯಲ್ಪ ಒತ್ತಾಸೆಗೂ ಕೋನು ಹುರುಪಿನಿಂದ ಓಡಾಡುತ್ತದೆ; ಹಾಗೆ ಓಡಾಡುವ ಸುರುಳಿ ಅಯಸ್ಕಾಂತ ಕ್ಷೇತ್ರವನ್ನು ಕತ್ತರಿಸುತ್ತ ತಾನೇ ಒಂದು ಪುಟ್ಟ ಜನರೇಟರಾಗಿ, ಬರುತ್ತಿರುವ ವಿದ್ಯುತ್ತಿಗೆ ವಿರುದ್ಧವಾದ ವೋಲ್ಟೇಜನ್ನು ಹುಟ್ಟಿಸುತ್ತದೆ; ಪರಿಣಾಮವಾಗಿ ವಿದ್ಯುತ್ ಪ್ರವಾಹ ಕುಗ್ಗಿ, ಹೊರಗಿನಿಂದ ನೋಡುವವರಿಗೆ ತಡೆ ಏಕಾಏಕಿ ಹೆಚ್ಚಿದಂತೆ ತೋರುತ್ತದೆ. ಅತಿ ಹೆಚ್ಚು ಕುಣಿಯುವಾಗ ಅತಿ ಕಡಿಮೆ ಉಣ್ಣುವ ಈ ಸ್ವಭಾವ ಸಜೀವ ಪ್ರಾಣಿಗಳಲ್ಲಿ ಅಪರೂಪ.

ಉದಾಹರಣೆಗೆ ಲೆಕ್ಕಕ್ಕೆ ಅನುಕೂಲವಾದ ಎಂಟು ಇಂಚಿನ ಒಂದು ಡ್ರೈವರನ್ನು ಕಲ್ಪಿಸಿಕೊಳ್ಳೋಣ. ಅದರ ಸುರುಳಿಯ ನೇರ ವಿದ್ಯುತ್ ತಡೆ 6 ಓಮ್, ಉಬ್ಬಿನ ತುದಿ 40 ಹರ್ಟ್ಸ್‌ನಲ್ಲಿ 54 ಓಮ್. ಎರಡರ ಅನುಪಾತ 9, ಅದರ ವರ್ಗಮೂಲ 3. ಉಬ್ಬಿನ ಎರಡೂ ಮಗ್ಗುಲಲ್ಲಿ ತಡೆಯು 18 ಓಮಿಗೆ ಇಳಿಯುವ ಆವೃತ್ತಿಗಳು 32 ಮತ್ತು 50 ಹರ್ಟ್ಸ್. 40ನ್ನು 3ರಿಂದ ಗುಣಿಸಿ ಆ ಎರಡರ ಅಂತರವಾದ 18ರಿಂದ ಭಾಗಿಸಿದರೆ 6.67, ಇದು ಕ್ಯೂಎಂಎಸ್, ಅಂದರೆ ಯಾಂತ್ರಿಕ ಘರ್ಷಣೆಯೊಂದೇ ಕೋನನ್ನು ಎಷ್ಟು ಸಾವಕಾಶವಾಗಿ ನಿಲ್ಲಿಸುತ್ತದೆಂಬುದರ ಸೂಚಕ. ಅದನ್ನು 8ರಿಂದ ಭಾಗಿಸಿದರೆ 0.83, ಇದು ಕ್ಯೂಇಎಸ್, ವಿದ್ಯುತ್ತಿನ ಲಗಾಮಿನ ಸೂಚಕ. 9ರಿಂದ ಭಾಗಿಸಿದರೆ 0.74, ಇದು ಎರಡೂ ಕೂಡಿದ ಕ್ಯೂಟಿಎಸ್. ಈ ಭಾಗಾಕಾರಗಳು ಪ್ರೌಢಶಾಲೆಯ ವಿದ್ಯಾರ್ಥಿಗೂ ನಿಲುಕುವಂಥವು ಎಂಬ ಸಂಗತಿಯನ್ನು ಶಾಸ್ತ್ರಜ್ಞರು ಬಹಿರಂಗವಾಗಿ ಚರ್ಚಿಸುವುದಿಲ್ಲ.

ಅಳೆಯುವ ಸ್ಥಳ ಮತ್ತು ಕಾಲದ ವಿಷಯದಲ್ಲಿ ತೀವ್ರ ಭಿನ್ನಾಭಿಪ್ರಾಯವಿದೆ. ಡ್ರೈವರು ಸ್ವತಃ ಒಂದು ಮೈಕ್ ಕೂಡ ಆಗಿರುವುದರಿಂದ ಕೋಣೆಯ ಸದ್ದು ಕೋನನ್ನು ಅಲುಗಾಡಿಸಿ ಗೆರೆಯಲ್ಲಿ ಹಲ್ಲುಹಲ್ಲಾದ ಕಲೆಗಳನ್ನು ಮೂಡಿಸಬಲ್ಲದು. ಈ ಕಲೆಗಳ ಹೊಣೆಯನ್ನು ಅಡುಗೆಮನೆಯ ಕುಕ್ಕರಿನ ಮೇಲೆ ಹೊರಿಸುವ ಸಂಪ್ರದಾಯ ಹಳೆಯದು. ಆದರೆ ಅದು ನಿಲ್ಲುವುದಿಲ್ಲ. ಕುಕ್ಕರಿನ ಸೀಟಿ ಎತ್ತರದ ದನಿಯದು, ಡ್ರೈವರು ಬೇಗನೆ ಅಲುಗುವುದೋ ತನ್ನ ಅನುರಣನದ ಆಸುಪಾಸಿನಲ್ಲಿ. ಹೀಗಾಗಿ ನಿಜವಾದ ಅಪರಾಧಿಗಳು ತಲೆಯ ಮೇಲೆ ತಿರುಗುವ ಫ್ಯಾನು, ದಡಾರನೆ ಮುಚ್ಚಿಕೊಳ್ಳುವ ಬಾಗಿಲು ಮತ್ತು ಬೀದಿಯಲ್ಲಿ ಗುಡುಗುಟ್ಟುತ್ತ ಹೋಗುವ ಬಸ್ಸು. ಕುಕ್ಕರು ನಿರ್ದೋಷಿಯೆಂದು ಸಿದ್ಧವಾದ ಮೇಲೂ ಅಳತೆಯ ಹೊತ್ತಿನಲ್ಲಿ ಅಡುಗೆಯನ್ನು ನಿಲ್ಲಿಸುವಂತೆ ಕೋರುವ ಪದ್ಧತಿ ಮುಂದುವರಿದಿರುವುದಕ್ಕೆ ಕಾರಣವನ್ನು ಭೌತಶಾಸ್ತ್ರದ ಹೊರಗೆ ಹುಡುಕಬೇಕು.

ಮುಂದಿನದು ತೂಕ ಹೇರುವ ವಿಧಿ. ಉಬ್ಬಿನಿಂದ ಮೂರು ಕ್ಯೂಗಳು ತಿಳಿದರೂ ಕೋನಿನ ತೂಕ ತಿಳಿಯುವುದಿಲ್ಲ. ಕೋನನ್ನು ಕಿತ್ತು ತಕ್ಕಡಿಗೆ ಹಾಕಿದರೆ ತೂಕ ತಿಳಿಯುತ್ತದೆ, ಡ್ರೈವರು ಉಳಿಯುವುದಿಲ್ಲ. ಆದ್ದರಿಂದ ಗೊತ್ತಿರುವ ತೂಕವೊಂದನ್ನು ಕೋನಿಗೆ ಅಂಟಿಸಿ, ಅನುರಣನ ಎಷ್ಟು ಕೆಳಗಿಳಿಯಿತೆಂದು ನೋಡಿ, ಮೂಲದ ತೂಕವನ್ನು ಹಿಮ್ಮುಖವಾಗಿ ಲೆಕ್ಕ ಹಾಕುತ್ತಾರೆ. ಅಂಟಿಸುವ ದ್ರವ್ಯದ ಬಗ್ಗೆ ಎರಡು ಪಕ್ಷಗಳಿವೆ. ಹಿಟ್ಟಿನ ಪಕ್ಷದವರು ಕಲಸಿದ ಚಪಾತಿ ಹಿಟ್ಟು ಕೋನಿಗೆ ಚೆನ್ನಾಗಿ ಕಚ್ಚಿಕೊಳ್ಳುತ್ತದೆಂದು ವಾದಿಸುತ್ತಾರೆ. ಆದರೆ ಅಳತೆಗಳು ಮರುಕಳಿಸುತ್ತ ಹೋದಂತೆ ಹಿಟ್ಟಿನ ನೀರು ಆರಿ ತೂಕ ಇಳಿಯುವುದರಿಂದ, ರಾತ್ರಿಯ ಎಂಎಂಎಸ್, ಅಂದರೆ ಚಲಿಸುವ ಭಾಗಗಳ ತೂಕ, ಬೆಳಗಿನದಕ್ಕೆ ಹೊಂದುವುದಿಲ್ಲ. ನಾಣ್ಯಪಕ್ಷ ಇದಕ್ಕಿಂತ ಗಟ್ಟಿಯಾದದ್ದು, ಏಕೆಂದರೆ ಸರ್ಕಾರವೇ ತೂಕವನ್ನು ನಿಗದಿಪಡಿಸಿರುತ್ತದೆ. ಇಲ್ಲಿಯೂ ಒಂದು ಸೂಕ್ಷ್ಮವಿದೆ: 2011ರ ಮಾದರಿಯ ಒಂದು ರೂಪಾಯಿ ನಾಣ್ಯ 3.79 ಗ್ರಾಂ ತೂಗಿದರೂ ಅದು ಅಯಸ್ಕಾಂತಕ್ಕೆ ಅಂಟುವ ಉಕ್ಕಿನದಾದ್ದರಿಂದ, ಹಿಂದೆಯೇ ಕುಳಿತಿರುವ ಭಾರಿ ಅಯಸ್ಕಾಂತ ಅದನ್ನು ತನ್ನತ್ತ ಸೆಳೆದು ಲೆಕ್ಕವನ್ನು ಕೆಡಿಸುತ್ತದೆ. ಅದೇ ಮಾದರಿಯ ಐದು ರೂಪಾಯಿ ನಾಣ್ಯವಾದರೋ ನಿಕ್ಕಲ್ ಹಿತ್ತಾಳೆಯದು, ಸರಿಯಾಗಿ 6 ಗ್ರಾಂ, ಅಯಸ್ಕಾಂತದ ಸೆಳೆತಕ್ಕೆ ಬೀಳದ ಸ್ಥಿತಪ್ರಜ್ಞ. ಇಂಥ ಮೂರು ನಾಣ್ಯಗಳನ್ನು ಅಂಟಿಸಿದಾಗ ಅನುರಣನ 40ರಿಂದ 30 ಹರ್ಟ್ಸ್‌ಗೆ ಇಳಿದರೆ ಕೋನು ಸುಮಾರು 23 ಗ್ರಾಂ ತೂಗುತ್ತದೆಂದು ತಿಳಿಯಬೇಕು. ಒಟ್ಟು ವೆಚ್ಚ ಹದಿನೈದು ರೂಪಾಯಿ, ಅದೂ ಹಿಂದಿರುಗಿ ದೊರೆಯುವಂಥದ್ದು. ಸಂಶೋಧನೆಯ ಇತಿಹಾಸದಲ್ಲಿ ಬಂಡವಾಳ ಇಷ್ಟು ನಿಶ್ಚಿತವಾಗಿ ಮರಳಿದ ದೃಷ್ಟಾಂತಗಳು ಹೆಚ್ಚಿಲ್ಲ.

ಈಗ ವಿಎಎಸ್. ಡ್ರೈವರಿನ ತೂಗುವ್ಯವಸ್ಥೆಯಷ್ಟೇ ಮೃದುವಾಗಿ ಸ್ಪ್ರಿಂಗಿನಂತೆ ವರ್ತಿಸುವ ಗಾಳಿಯ ಪರಿಮಾಣಕ್ಕೆ ಈ ಹೆಸರು. ಇದನ್ನು ಪಡೆಯಲು ಕೋನಿನ ವಿಸ್ತೀರ್ಣ ಬೇಕು, ಅದಕ್ಕೆ ವ್ಯಾಸ ಬೇಕು, ವ್ಯಾಸವನ್ನು ಯಂತ್ರ ಅಳೆಯಲಾರದು. ತಡೆಯನ್ನು ಓಮಿನ ಸಣ್ಣ ಸಣ್ಣ ಭಾಗಗಳವರೆಗೆ ಹೇಳಬಲ್ಲ ಯಂತ್ರ ಈ ಘಟ್ಟದಲ್ಲಿ ಪರದೆಯ ಮೇಲೊಂದು ಖಾಲಿ ಚೌಕವನ್ನು ತೋರಿಸಿ ಕಾಯುತ್ತ ಕೂರುತ್ತದೆ; ಶಾಸ್ತ್ರಜ್ಞರು ಮನೆಯ ಮಕ್ಕಳ ಕಂಪಾಸ್ ಪೆಟ್ಟಿಗೆಯಿಂದ ತುದಿ ಸವೆದ ಪ್ಲಾಸ್ಟಿಕ್ ಸ್ಕೇಲನ್ನು ತಂದು, ಒಂದು ಬದಿಯ ಸರೌಂಡಿನ ನಡುವಿನಿಂದ ಎದುರು ಬದಿಯ ಸರೌಂಡಿನ ನಡುವಿನವರೆಗೆ ಕಣ್ಣಂದಾಜಿನಲ್ಲಿ ಅಳೆಯುತ್ತಾರೆ. ನಡುವು ಎಲ್ಲಿದೆಯೆಂಬುದು ಅವರವರ ಭಾವಕ್ಕೆ ಬಿಟ್ಟದ್ದು. ವಿಎಎಸ್‌ನ ಸೂತ್ರದಲ್ಲಿ ವಿಸ್ತೀರ್ಣದ ವರ್ಗ ಬರುವುದರಿಂದ ವ್ಯಾಸ ನಾಲ್ಕನೆಯ ಘಾತಕ್ಕೆ ಏರುತ್ತದೆ, ಹೀಗಾಗಿ 16.4 ಸೆಂಟಿಮೀಟರ್ ವ್ಯಾಸದ ಈ ಡ್ರೈವರಿನಲ್ಲಿ 3 ಮಿಲಿಮೀಟರ್ ತಪ್ಪಿದರೆ, ಸುಮಾರು 43 ಲೀಟರಾಗಬೇಕಾದ ವಿಎಎಸ್ ಮೂರು ಲೀಟರಿಗಿಂತಲೂ ಹೆಚ್ಚು ಆಚೀಚೆಯಾಗುತ್ತದೆ. ಫಲಿತಾಂಶವನ್ನು ಯಂತ್ರ ದಶಮಾಂಶದ ನಂತರವೂ ಅಂಕಿಗಳನ್ನು ಇಟ್ಟು ಪ್ರಕಟಿಸುತ್ತದೆ, ಮತ್ತು ಆ ಅಂಕಿಗಳನ್ನು ಕಂಡು ಪಂಡಿತರು ತೃಪ್ತರಾಗುತ್ತಾರೆ.

ಅಳೆದದ್ದು ಗುಣಪಟ್ಟಿಗೆ ಹೊಂದದಿರುವುದು ನಿಯಮ, ಹೊಂದುವುದು ಅಪವಾದ. ಹೊಸ ಡ್ರೈವರಿನ ಸ್ಪೈಡರು ಬಿಗಿಯಾಗಿದ್ದು, ಕೆಲವು ಗಂಟೆ ಕುಣಿಸಿದ ಮೇಲೆ ಸಡಿಲವಾಗುವುದರಿಂದ ಅದನ್ನು ಮೊದಲು ಪಳಗಿಸಬೇಕೆಂಬ ಮತವಿದೆ. ಪಳಗಿಸುವ ಮುನ್ನ ಈ ಡ್ರೈವರಿನ ಎಫ್‌ಎಸ್ 44 ಹರ್ಟ್ಸ್, ವಿಎಎಸ್ 35.5 ಲೀಟರ್ ಇತ್ತೆಂದಿಟ್ಟುಕೊಂಡರೆ ಎರಡು ಸ್ಥಿತಿಗಳ ಅಂತರ ಗಾಬರಿ ಹುಟ್ಟಿಸುವಂತಿದೆ. ಇಂಥ ಅಂತರವೇ ಎಷ್ಟೋ ವಿದ್ವಾಂಸರ ನಿದ್ರೆಯನ್ನು ಕೆಡಿಸಿದೆ. ಆದರೆ ಸ್ಪೈಡರು ಸಡಿಲವಾದಂತೆ ಎಫ್‌ಎಸ್ ಇಳಿಯುತ್ತದೆ, ವಿಎಎಸ್ ಏರುತ್ತದೆ. ಎಫ್‌ಎಸ್‌ನ ವರ್ಗವನ್ನು ವಿಎಎಸ್‌ನಿಂದ ಗುಣಿಸಿದರೆ ಬರುವ ಗುಣಲಬ್ಧ ಮಾತ್ರ ಇದ್ದಲ್ಲಿಯೇ ಇರುತ್ತದೆ. 43 ಲೀಟರಿನ ಮುಚ್ಚಿದ ಪೆಟ್ಟಿಗೆಯಲ್ಲಿ ಕೂರಿಸಿದಾಗ ಬಿಗಿ ಡ್ರೈವರಿನ ಅನುರಣನ ಸುಮಾರು 59 ಹರ್ಟ್ಸ್, ಸಡಿಲ ಡ್ರೈವರಿನದು ಸುಮಾರು 57; ವ್ಯತ್ಯಾಸ ಮೂರು ಹರ್ಟ್ಸ್ ಕೂಡ ಇಲ್ಲ, ಕಿವಿಗೆ ತಿಳಿಯುವುದೂ ಸಂಶಯ. ಒಳಗಿನ ಗಾಳಿಯೇ ಮುಖ್ಯ ಸ್ಪ್ರಿಂಗಾಗಿ ನಿಂತು ಸ್ಪೈಡರಿನ ಚಾಂಚಲ್ಯವನ್ನು ನುಂಗಿಹಾಕುವುದು ಇದಕ್ಕೆ ಕಾರಣ. ಅರ್ಥಾತ್ ಇಷ್ಟೂ ಮಾಪನದ ಭಿನ್ನಮತಗಳು ಪೆಟ್ಟಿಗೆಯೊಳಗೆ ಹೊಕ್ಕೊಡನೆ ಬಹುಪಾಲು ಕರಗಿಹೋಗುತ್ತವೆ. ಪೆಟ್ಟಿಗೆಯನ್ನು ಕಟ್ಟಬಾರದೆಂಬ ನಿಷೇಧಕ್ಕೆ ಇದಕ್ಕಿಂತ ಬಲವಾದ ಸಮರ್ಥನೆ ಬೇರೆ ಬೇಕಿಲ್ಲ.

ನಿಷೇಧವನ್ನು ಮೀರಿ ಕಟ್ಟಲು ಹೊರಟವರಿಗೆ ಕೊನೆಯ ತೊಡಕೊಂದು ಕಾದಿದೆ. ಮುಚ್ಚಿದ ಪೆಟ್ಟಿಗೆಯ ಒಟ್ಟು ಕ್ಯೂ 0.707 ಆಗಿದ್ದರೆ ಕೆಳದನಿ ಉಬ್ಬದೆ ಸಮತಟ್ಟಾಗಿರುತ್ತದೆಂಬುದು ಸರ್ವಸಮ್ಮತ. ಪೆಟ್ಟಿಗೆ ಕ್ಯೂವನ್ನು ಏರಿಸಬಲ್ಲದೇ ಹೊರತು ಇಳಿಸಲಾರದು. ಪ್ರಸ್ತುತ ಡ್ರೈವರಿನ ಕ್ಯೂಟಿಎಸ್ ಬರಿಗಾಳಿಯಲ್ಲೇ 0.74. 43 ಲೀಟರಿನಲ್ಲಿ ಅದು 1.05 ಆಗಿ ಗುಮ್ಮೆನ್ನುತ್ತದೆ, ಒಂದು ಬಾಗಿಲಿನ ಫ್ರಿಜ್ಜಿನಷ್ಟು ದೊಡ್ಡದಾದ 200 ಲೀಟರಿನಲ್ಲೂ 0.82ಕ್ಕಿಂತ ಕೆಳಗಿಳಿಯುವುದಿಲ್ಲ. ಶಾಸ್ತ್ರ ಸೂಚಿಸುವ ಒಂದು ಪರಿಹಾರ ಅನಂತ ಬ್ಯಾಫಲ್, ಅಂದರೆ ಗೋಡೆಯಲ್ಲಿ ಡ್ರೈವರಿನಷ್ಟಗಲದ ತೂತು ಕೊರೆದು ಪಕ್ಕದ ಕೋಣೆಯನ್ನೇ ಪೆಟ್ಟಿಗೆಯಾಗಿ ಬಳಸುವುದು. ಹತ್ತು ಅಡಿ ಅಗಲ, ಹನ್ನೆರಡು ಅಡಿ ಉದ್ದ, ಹತ್ತು ಅಡಿ ಎತ್ತರದ ಕೋಣೆ ಸುಮಾರು 34,000 ಲೀಟರ್ ಗಾಳಿಯನ್ನು ಹಿಡಿಯುವುದರಿಂದ ಕ್ಯೂ 0.74ರ ಬಳಿಯೇ ನಿಂತು, ಗಣಿತದ ಆಕ್ಷೇಪ ಹೆಚ್ಚೇನೂ ಉಳಿಯುವುದಿಲ್ಲ. ಮನೆ ಬಾಡಿಗೆಯದಾದರೆ ಈ ತೂತು ಕರಾರುಪತ್ರದಲ್ಲಿ ಹೇಳಿದ ಸಹಜ ಸವೆತದ ವ್ಯಾಪ್ತಿಗೆ ಬರುತ್ತದೆಯೇ ಎಂಬುದನ್ನು ವಕೀಲರು ನಿರ್ಣಯಿಸಬೇಕು. ಗೋಡೆಯ ಆಚೆ ಬದಿ ಮಲಗುವವರ ಅಭಿಪ್ರಾಯಕ್ಕೆ ಥೀಲ್ ಅವರ 28 ಅಲೈನ್‌ಮೆಂಟುಗಳಲ್ಲಿ ಒಂದರಲ್ಲೂ ಸ್ಥಾನವಿಲ್ಲ.