ಯಶವಂತಪುರದ ರೋಮನ್ ದುಡ್ಡು

ಚಿಕ್ಕಬಾಣಾವರದಲ್ಲಿ ನಮ್ಮ ಪಕ್ಕದ ಮನೆಯವರು ಸಂಸ್ಕೃತ ಕಲಿಸಿ ನಿವೃತ್ತರಾದ ಮೇಷ್ಟ್ರು. ನಮ್ಮಿಬ್ಬರ ನಡುವಿನ ಕಾಂಪೌಂಡು ಎದೆಮಟ್ಟದ್ದು, ಮೊಣಕೈ ಊರಿ ಹರಟೆ ಹೊಡೆಯೋಕೆ ಹೇಳಿ ಕಟ್ಟಿಸಿದ ಹಾಗಿದೆ. ಅವರ ಮೊಮ್ಮಗ ಇಂಗ್ಲೆಂಡಿನ ಶಾಲೆಯಲ್ಲಿ ಲ್ಯಾಟಿನ್ ಓದುತ್ತಾನೆ. ರಜಕ್ಕೆ ಬಂದವನು ಪುಸ್ತಕ ಮರೆತು ಹೋಗಿದ್ದಾನೆ. ಮೇಷ್ಟ್ರಿಗೆ ಈಗ ಅದೇ ಪಾರಾಯಣ.

“ನೋಡಿ ಇವ್ರೇ, ಮೊದಲನೇ ಪುಟದಲ್ಲಿ ವಿಭಕ್ತಿ ಪಟ್ಟಿನೇ ಇಲ್ಲ! ರಾಮಃ ರಾಮೌ ಅಂತ ನಾನು ಎಷ್ಟು ಹುಡುಗರ ತಲೆ ತಿಂದೆ. ಇವರು ಒಂದು ಸಂಸಾರದಿಂದ ಶುರು ಮಾಡಿಬಿಟ್ಟಿದ್ದಾರೆ.”

ಅದು ಕೇಂಬ್ರಿಜ್ ಲ್ಯಾಟಿನ್ ಕೋರ್ಸ್, 1970ರಲ್ಲಿ ಮೊದಲು ಬಂದದ್ದು. ಆ ಸಂಸಾರ ಪುರಾತನ ರೋಮನ್ ಊರು ಪಾಂಪೇಯದು: ಲೇವಾದೇವಿಗಾರ ಕೈಕಿಲಿಯಸ್, ಅವನ ಹೆಂಡತಿ, ಮಗ, ಅಡುಗೆಯವ, ನಾಯಿ. ಯಜಮಾನ ಕಟ್ಟುಕಥೆಯವನಲ್ಲ. 1875ರಲ್ಲಿ ಅವನ ಮನೆ ಅಗೆದಾಗ ನೂರೈವತ್ತಕ್ಕೂ ಹೆಚ್ಚು ಮೇಣದ ಹಲಗೆಗಳು ಸಿಕ್ಕವು. ಹರಾಜಿನ ಲೆಕ್ಕ, ಬಾಡಿಗೆ ಕಟ್ಟಿದ ರಸೀದಿ, ಎಲ್ಲ ಇದ್ದವು.

ಬಟ್ಟೆ ಒಣಹಾಕುತ್ತಿದ್ದ ಮೇಷ್ಟ್ರ ಹೆಂಡತಿ, ನಮ್ಮ ಅಮ್ಮಾವ್ರು, ಅಲ್ಲಿಂದಲೇ ಕೇಳಿದರು: “ಆ ಅಡುಗೆಯವನಿಗೆ ಸಂಬಳ ಎಷ್ಟಂತೆ?”

“ಅವನು ಗುಲಾಮ ಕಣೇ.”

“ಮತ್ತೆ ಯಾಕೆ ಅಷ್ಟು ಖುಷಿಯಾಗಿದ್ದಾನೆ?”

ಮೇಷ್ಟ್ರು ಸುಮ್ಮನಾದರು. ಆ ಪುಸ್ತಕ ಕಲಿಸುವ ಉಪಾಧ್ಯಾಯರೂ ಇದನ್ನೇ ಕೇಳಿದ್ದರು. ಐದನೇ ಆವೃತ್ತಿಯಲ್ಲಿ ಗುಲಾಮಗಿರಿಯ ಭಾಗ ತಿದ್ದಿದ್ದಾರೆ, ಮನೆಗೊಬ್ಬ ಮಗಳನ್ನೂ ಸೇರಿಸಿದ್ದಾರೆ. ಅಮ್ಮಾವ್ರಿಗೆ ಅದನ್ನು ಹೇಳಿದರೆ, “ಇಷ್ಟು ದಿನ ಮಗಳೇ ಇರಲಿಲ್ವಾ?” ಅಂದರು.

ಈ ಪುಸ್ತಕಕ್ಕೂ ಮುಂಚೆ, ನೇರವಾಗಿ ಮಾತಾಡಿಸಿಯೇ ಲ್ಯಾಟಿನ್ ಕಲಿಸಬೇಕು ಅಂತ ಹಠ ಹಿಡಿದವರಲ್ಲಿ ದೊಡ್ಡ ಹೆಸರು ರೌಸ್ ಎಂಬ ಇಂಗ್ಲೆಂಡಿನ ಹೆಡ್‌ಮಾಸ್ಟರರದು. ಹುಟ್ಟಿದ್ದು 1863ರಲ್ಲಿ, ಕಲ್ಕತ್ತೆಯಲ್ಲಿ! ಕೇಂಬ್ರಿಜಿನಲ್ಲಿ ಸಂಸ್ಕೃತವನ್ನೂ ಕಲಿಸಿದವರು. ಇದನ್ನು ಕೇಳಿ ಮೇಷ್ಟ್ರ ಮುಖ ಅರಳಿತು, ತಮ್ಮವರೇ ಒಬ್ಬರು ಸಿಕ್ಕ ಹಾಗೆ.

ಆದರೆ ರೋಮಿನ ಬದುಕು ತಿಳಿಯೋಕೆ ನಾವು ಪಾಂಪೇತನಕ ಹೋಗಬೇಕೇ? ಇಲ್ಲಿ ರೈಲು ಹತ್ತಿ ಬೆಂಗಳೂರಿನ ಕಡೆ ಹೊರಟರೆ ಯಶವಂತಪುರ. 1891ರಲ್ಲಿ ಅಲ್ಲಿ 163 ರೋಮನ್ ಬೆಳ್ಳಿ ನಾಣ್ಯಗಳು ಸಿಕ್ಕವು. ಆಗಸ್ಟಸ್, ಟೈಬೀರಿಯಸ್, ಕ್ಲಾಡಿಯಸ್ ಚಕ್ರವರ್ತಿಗಳ ಕಾಲದವು. ಕೈಕಿಲಿಯಸ್ ಬಾಳಿದ್ದೂ ಆ ಸುಮಾರಿನಲ್ಲೇ. ಚಿತ್ರದುರ್ಗದ ಚಂದ್ರವಳ್ಳಿಯಲ್ಲೂ ರೋಮನ್ ನಾಣ್ಯಗಳು ದೊರೆತಿವೆ. ನಮ್ಮ ಮೆಣಸಿಗೋ ಬಟ್ಟೆಗೋ ಬಂದ ದುಡ್ಡಿರಬೇಕು. ದಿನಾ ಆ ನಿಲ್ದಾಣದಲ್ಲಿ ಇಳಿಯುವ ಕಾಲೇಜು ಹುಡುಗರಿಗೆ ಇದನ್ನು ಯಾರೂ ಹೇಳಿಲ್ಲ.

ಮೇಷ್ಟ್ರೇ, ಚಂದ್ರವಳ್ಳಿಯ ಒಬ್ಬ ವ್ಯಾಪಾರಿಯ ಮನೆಯಿಂದ ಶುರುವಾಗುವ ಪುಸ್ತಕ ಕನ್ನಡದ ಮಕ್ಕಳಿಗೆ ನೀವೇ ಬರೆಯಿರಿ. ಅಡುಗೆಯವನಿಗೆ ಸಂಬಳ ಎಷ್ಟಂತ ಅಮ್ಮಾವ್ರನ್ನ ಕೇಳಿ ಬರೆಯಿರಿ.