ಕುಡಿಯಲ್ಲ, ಹೊಡೆಯಲ್ಲ, ಮಾತೂ ಆಡಲ್ಲ

ಮದುವೆಯ ಬೆಳ್ಳಿಹಬ್ಬಕ್ಕೆ ಹೋಗಿ ನೋಡಿ. ವೇದಿಕೆ ಮೇಲೆ ಆದರ್ಶ ದಂಪತಿ. 'ಸಾರ್, ಸ್ವಲ್ಪ ಹತ್ತಿರ ಬನ್ನಿ' ಎಂದು ಫೋಟೋಗ್ರಾಫರ್ ಅಂಗಲಾಚುತ್ತಿರುತ್ತಾನೆ. ಅವರಿಗೆ ಆ ಮಾತು ಹೇಳುವವರು ಇಷ್ಟು ವರ್ಷ ಯಾರೂ ಇರಲಿಲ್ಲ.

ಹಿನ್ನೆಲೆಯಲ್ಲಿ 'ಮೈಸೂರ ಮಲ್ಲಿಗೆ'ಯ ಹಾಡು. ಕವಿ ಕೆ.ಎಸ್. ನರಸಿಂಹಸ್ವಾಮಿ ಅವರ ಆ ಕವನ ಸಂಕಲನ ಬಂದದ್ದು 1942ರಲ್ಲಿ. ಅದರಲ್ಲಿ ಗಂಡ ಹೆಂಡತಿ ಪರಸ್ಪರ ಮಾತಾಡುತ್ತಾರೆ! ಸಭೆ ತಲೆದೂಗುತ್ತದೆ. ಮನೆಗೆ ಹೋಗಿ ಟಿ.ವಿ. ಹಾಕಿಕೊಳ್ಳುತ್ತದೆ.

ನಮ್ಮ ಮನೆಗಳ ಪ್ರೇಮಸಲ್ಲಾಪ ಕೇಳಿದ್ದೀರಲ್ಲ. 'ಗ್ಯಾಸ್ ಬುಕ್ ಮಾಡಿದ್ರಾ?' 'ಹೂಂ.' 'ಕರೆಂಟ್ ಬಿಲ್ಲು?' 'ಹೂಂ.' ಅದಕ್ಕಿಂತ ಉದ್ದದ ಮಾತಿದ್ದರೆ ಮಗಳ ಮೂಲಕ ರವಾನೆ: 'ನಿಮ್ಮಪ್ಪಂಗೆ ಹೇಳು, ಸಾರು ಆರ್ತಾ ಇದೆ.' ಅಪ್ಪ ಎರಡು ಮಾರು ದೂರದಲ್ಲೇ ಕೂತು, ಹಳೆ ಗೆಳೆಯರ ಗ್ರೂಪಿಗೆ ಶುಭೋದಯ ಕಳಿಸುತ್ತಿರುತ್ತಾನೆ. ಹೆಂಡತಿಯ ಹುಟ್ಟುಹಬ್ಬವನ್ನು ಸ್ಟೇಟಸ್ ಹಾಕಿ ಊರಿಗೆಲ್ಲ ಸಾರುತ್ತಾನೆ. ಅವಳೊಬ್ಬಳಿಗೆ ಬಿಟ್ಟು.

ತವರಿನಲ್ಲಿ ಅವಳು ಬಾಯಿಬಿಟ್ಟರೆ ಉತ್ತರ ಸಿದ್ಧ. 'ಕುಡಿಯಲ್ಲ, ಹೊಡೆಯಲ್ಲ, ಇನ್ನೇನೇ ಬೇಕು ನಿಂಗೆ?' ಆ ಲೆಕ್ಕಕ್ಕೆ ಮೂಲೆಯ ಬೀರುವೂ ಒಳ್ಳೆಯ ಗಂಡನೇ.

'ಗಂಡ ಹೆಂಡಿರ ಜಗಳ ಉಂಡು ಮಲಗುವ ತನಕ' ಎಂದು ಹಿರಿಯರು ನಗುತ್ತಾರೆ. ಸರಿ. ಜಗಳಕ್ಕೂ ಉತ್ಸಾಹ ಉಳಿಯದವರು ಏನು ಮಾಡಬೇಕು? ಇವರು ಉಣ್ಣುವುದು ಬೇರೆ ಹೊತ್ತಿಗೆ. ಮಲಗುವುದು ಬೇರೆ ಕೋಣೆಯಲ್ಲಿ. ಕೇಳಿದರೆ 'ಅವರ ಗೊರಕೆ ಜಾಸ್ತಿ.' ಪಾಪ, ಗೊರಕೆಯ ಮೇಲೆ ಎಷ್ಟೆಲ್ಲ ಆರೋಪ!

ಇಂಥ ಮನೆಯಿಂದ ಹೊರಬಂದವಳಿಗೆ ಮಾತ್ರ 'ಮನೆಮುರುಕಿ' ಎಂಬ ಬಿರುದು. ಕೊಡುವವರು ಯಾರು? ಇಪ್ಪತ್ತು ವರ್ಷದಿಂದ ತಮ್ಮ ತಮ್ಮ ಕೋಣೆಗಳಲ್ಲಿ ಸುಖವಾಗಿ ಮಲಗಿರುವವರು.

ತಮಾಷೆಯೆಂದರೆ, ನೆಂಟರಿಗೆ ಕಾಣದ್ದು ನ್ಯಾಯಾಲಯಕ್ಕೆ ಕಂಡಿದೆ. ಹಿಂದೂ ವಿವಾಹ ಕಾಯ್ದೆಯ ಪ್ರಕಾರ ಪರಸ್ಪರ ಒಪ್ಪಿಗೆಯ ವಿಚ್ಛೇದನ ಬೇಕಿದ್ದರೆ ಕನಿಷ್ಠ ಒಂದು ವರ್ಷ ಬೇರೆಯಾಗಿ ಬದುಕಿರಬೇಕು. ಒಂದೇ ಸೂರಿನಡಿ ಇದ್ದೂ ಬೇರೆಯಾಗಿ ಬದುಕಬಹುದು ಎಂದು ಸುಪ್ರೀಂ ಕೋರ್ಟ್ 1991ರಲ್ಲೇ ಹೇಳಿತು. ನೆಂಟರ ತೀರ್ಪೇ ಬೇರೆ. ಬಾಗಿಲಲ್ಲಿ ಎರಡು ಜೊತೆ ಚಪ್ಪಲಿ ಕಂಡರೆ ಸಂಸಾರ ಸುಭದ್ರ.

ಆದರೆ ಕಾನೂನಿನ ಕೈಯೂ ಹೊಸಿಲಿನವರೆಗೆ ಮಾತ್ರ. ಅದೇ ಕಾಯ್ದೆಯ 9ನೇ ಕಲಮಿನಡಿ, ಸಕಾರಣವಿಲ್ಲದೆ ದೂರವಾದ ಸಂಗಾತಿಗೆ 'ಮರಳಿ ಬಂದು ಬಾಳು' ಎಂದು ಕೋರ್ಟು ಆದೇಶಿಸಬಹುದು. ಬಂದ ಮೇಲೆ ಮಾತಾಡು ಎನ್ನುವ ಕಲಮು ಯಾವ ಕಾಯ್ದೆಯಲ್ಲೂ ಇಲ್ಲ.